ಬೂಟು ಒರೆಸುವ ಜರ್ಮನ್

ವುಚ್ ನಗರದ ಕ್ಲಿನಿಕ್ಕಿನಲ್ಲಿ ತನ್ನ ಸರದಿಗೆ ಕಾಯುತ್ತಿದ್ದ ಬೋಗ್ನಾಗೆ ಎದುರು ಬೆಂಚಿನ ಮುದುಕರಿಬ್ಬರನ್ನೂ ಎಲ್ಲೋ ಕಂಡ ಹಾಗಿತ್ತು. ಮಾತು ಕಿವಿಗೆ ಬಿದ್ದ ಮೇಲೆ ನೆನಪಾಯಿತು. ಯುದ್ಧದ ಸಿನಿಮಾಗಳಲ್ಲಿ ಎತ್ತರದವನು ಯಾವಾಗಲೂ ಜರ್ಮನ್ ಅಧಿಕಾರಿ. ಕುಳ್ಳ ಅವನ ಗುಂಡಿಗೆ ಸಾಯುವವನು.

“ಜೀವಮಾನವಿಡೀ ನನ್ನ ಕೊಂದ್ಯಲ್ಲೋ ಸೆವೆರಿನ್. ಒಂದ್ಸಲನಾದ್ರೂ ಗುರಿ ತಪ್ಪಬಾರದಿತ್ತಾ?”

“ತಪ್ಪಿದ್ರೆ ನಿನಗೆ ಡೈಲಾಗ್ ಕೊಡಬೇಕಾಗ್ತಿತ್ತು, ಇಗ್ನಾತ್ಸಿ. ಆ ಗತಿ ಯಾರಿಗೂ ಬೇಡ ಅಂತ ಕೊಂದೆ.”

“ಹೋಗ್ಲಿ, ಯಾರ ಮನೆಗೆ ನುಗ್ಗೋ ಸೀನಾದ್ರೂ ಬಾಗಿಲಲ್ಲಿ ನಿಂತು ಬೂಟು ಒರೆಸ್ಕೊಳ್ತಿದ್ಯಲ್ಲ, ಅದನ್ನ ಯಾವ ಡೈರೆಕ್ಟರು ಹೇಳಿಕೊಟ್ಟ? ಜನ ಅದಕ್ಕೇ ಹೆದರ್ತಿದ್ರು.”

“ಅಮ್ಮ.”

“ನಿಮ್ಮಮ್ಮ ನಿನ್ನ ಸಿನಿಮಾನೇ ನೋಡ್ತಿರಲಿಲ್ಲ ಅಂತಿದ್ದೆ?”

“ಮೊದಲನೇದು ನೋಡಿದ್ಲು. ಅದರಲ್ಲಿ ಬಾಗಿಲು ಒದ್ದು, ಕೂಗಾಡ್ತಾ ಒಳಗೆ ನುಗ್ಗಿದ್ದೆ. ರಾತ್ರಿ ಸೂಪು ಬಡಿಸ್ತಾ ಅಂದ್ಲು, ‘ನಿಮ್ಮಪ್ಪನ್ನ ಯುದ್ಧದಲ್ಲಿ ಕರ್ಕೊಂಡು ಹೋಗೋಕೆ ಬಂದ ಜರ್ಮನ್ ಕೂಗಾಡಲಿಲ್ಲ ಕಣೋ. ನಾನು ಆಗ ತಾನೇ ನೆಲ ಒರೆಸಿದ್ದೆ. ಅದನ್ನ ನೋಡಿ, ಬೂಟು ಒರೆಸ್ಕೊಂಡು ಒಳಗೆ ಬಂದ.’”

ಇಗ್ನಾತ್ಸಿ ಟೊಪ್ಪಿಯನ್ನು ಕೈಯಲ್ಲೇ ತಿರುಗಿಸುತ್ತ ಕೂತ.

“ಇಷ್ಟು ವರ್ಷ ನನಗೂ ಹೇಳಲಿಲ್ಲವಲ್ಲೋ.”

“ಹೇಳಿದ್ರೆ ನನ್ನ ಕಂಡ್ರೆ ನಿನಗೆ ನಿಜವಾಗ್ಲೂ ಭಯ ಆಗ್ತಿತ್ತು.”

ಅಷ್ಟರಲ್ಲಿ ನರ್ಸ್ ಸೆವೆರಿನ್‌ನ ಹೆಸರು ಕೂಗಿದಳು. ಅವನು ಎದ್ದು ಡಾಕ್ಟರ ಬಾಗಿಲಿಗೆ ಹೋದ.

“ಯಜಮಾನ್ರೇ, ಬೂಟೆಲ್ಲ ಹಿಮದ ಕೆಸರು. ಒರೆಸ್ಕೊಂಡು ಬನ್ನಿ,” ಎಂದಳು ನರ್ಸ್.

ಕಾಲೊರಸಿನ ಮುಂದೆ ಅವನು ಒಂದು ಗಳಿಗೆ ನಿಂತ. ಆಮೇಲೆ ಗೋಡೆ ಹಿಡಿದು ಬಗ್ಗಿ, ಎರಡೂ ಬೂಟು ಬಿಚ್ಚಿ ಕೈಯಲ್ಲಿ ಹಿಡಿದುಕೊಂಡು, ಕಾಲುಚೀಲದಲ್ಲೇ ಒಳಗೆ ಹೋದ.