ದಯವಿಟ್ಟು ಮಾಯಮ್ಮನಿಗೆ ಬೈಯಿರಿ

ಅಧ್ಯಕ್ಷತೆ ವಹಿಸಿರುವ ಧನಲಕ್ಷ್ಮಿಯವರೇ, ವೇದಿಕೆಯ ಗಣ್ಯರೇ, ಸಾರಿನ ವಾಸನೆ ಬಂದರೂ ಎದ್ದು ಹೋಗದ ಸಾಲಗಾಮೆಯ ಸಭಿಕರೇ,

ಮಹಿಳಾ ಸಂಘದ ಈ ವಾರ್ಷಿಕೋತ್ಸವದಲ್ಲಿ ನನಗೆ ಶಾಲು ಹೊದಿಸಿ ಇಪ್ಪತ್ತು ನಿಮಿಷ ಹೊಗಳಿದಿರಿ. ನಾನಿನ್ನೂ ಬದುಕಿದ್ದೇನೆ. ಇದು ನೆನಪಿರಲಿ.

ನಿಮ್ಮೂರಿನ ಮಾಯಮ್ಮನಿಗೆ ಗಲ್ಲು ಶಿಕ್ಷೆಯಾಗಿದೆ. ಆಕೆ ಮಾಡಿದ್ದು ಸಣ್ಣದೆಂದು ಹೇಳಲು ನಾನು ಬಂದಿಲ್ಲ. ಆದರೆ ಶಿಕ್ಷೆಯನ್ನು ಖಾಯಂ ಮಾಡುವ ಮೊದಲು ಹೈಕೋರ್ಟ್ ಕೇಳಿದೆ: ಈ ಹೆಂಗಸು ಎಂಥವಳು? ಉತ್ತರ ಒಯ್ಯಬೇಕಾದ ವಕೀಲೆ ನಾನು. ಸೋಮವಾರ ಕೊನೆಯ ದಿನ.

ಮೂರು ಸಲ ಬಂದೆ. ಸಿಕ್ಕಿದ್ದೇನು? ಎಳನೀರು. ಒಳ್ಳೆಯ ಮಾತು ಒಂದೂ ಇಲ್ಲ. ಆಕೆಯ ಪಕ್ಕದ ಮನೆಯ ಸಣ್ಣಯ್ಯನವರು, ಅಗೋ ಅಲ್ಲಿ ತಲೆ ತಗ್ಗಿಸಿದ್ದಾರೆ, ಹೇಳಿದರು: "ಬದುಕಿರೋರ್ನ ಒಗಳಬಾರ್ದು ಕಣವ್ವ. ದಿಷ್ಟಿಯಾಗಿ ಆಯಸ್ಸು ಕಮ್ಮಿಯಾಯ್ತದೆ."

"ಗಲ್ಲಿಗಿಂತಲೂ ಕಮ್ಮಿಯೇ?" ಎಂದೆ.

"ಅದು ಸರ್ಕಾರದ ಪಾಪ. ಇದು ನಮ್ ಬಾಯಿಂದಾಗೋದು. ತಿಥಿಗ್ ಬಾ, ಒಟ್ಟೆ ತುಂಬ ಒಗಳ್ತೀನಿ. ಈಗ ಬೇಕಾದ್ರೆ ಬೈಯ್ತೀನಿ, ಬರ್ಕೊ."

ಇಂಗ್ಲಿಷ್ ಮೀಡಿಯಮ್ಮಿನ ನಾನು ಒಳಗೇ ನಕ್ಕೆ. ನಗಲು ನನಗೇನು ಯೋಗ್ಯತೆ? ನಮ್ಮ ಅಮ್ಮನ ಸಾರು ಚೆನ್ನಾಗಿರುತ್ತಿತ್ತೆಂದು ನಾನು ಮೊದಲ ಸಲ ಬಾಯಿಬಿಟ್ಟು ಹೇಳಿದ್ದು ಅವರ ತಿಥಿಯ ದಿನ. ಅದೂ ಅಡುಗೆಭಟ್ಟರಿಗೆ.

ಜೈಲಿನಲ್ಲಿ ಮಾಯಮ್ಮ ಒಂಟಿ ಕೋಣೆಯಲ್ಲಿದ್ದಾರೆ. ಬೀಗ ಸದ್ದು ಮಾಡಿದರೆ "ಇವತ್ತೇಯಾ?" ಎನ್ನುತ್ತಾರೆ. ತೋರಿಸಲು ಬೇರೇನೂ ಇಲ್ಲದೆ, ಸಣ್ಣಯ್ಯನವರು ಬರೆಸಿದ್ದ ಬೈಗುಳವನ್ನೇ ಓದಿದೆ. ಮುಖ ಅರಳಿತು!

"ಸಣ್ಣಯ್ಯ ಬೈದ್ನಾ? ಅಂಗಾರೆ ನಾನಿನ್ನೂ ಬದುಕಿವ್ನಿ ಅನ್ನು! ಇನ್ನೊಂದ್ಸಲ ಓದವ್ವ."

ಇನ್ನೊಂದು ಸಲ ಓದಿದೆ. ಆಗ ನನಗೇ ಸರಿಯಾಗಿ ಕೇಳಿಸಿತು. ನೀವೂ ಕೇಳಿ: "ರಾಕ್ಷಸಿ ಅವ್ಳು! ನನ್ ಮಗಳ್ ಬಾಣಂತನಕ್ಕೆ ಅಂತ ಬಂದು ಮೂರ್ ತಿಂಗ್ಳು ಕೂತ್ಲು, ನಮ್ಮೋಳ್ಗೆ ಒಂದ್ ಕಡ್ಡಿ ಎತ್ತಾಕ್ ಬಿಡ್ಲಿಲ್ಲ. ಸೀರೆ ಕೊಟ್ರೆ ಮೊಕಕ್ಕೇ ಎಸೆದ್ಲು, ಕೊಬ್ಬು!"

ಇದಕ್ಕಿಂತ ಒಳ್ಳೆಯ ಸಾಕ್ಷಿಯನ್ನು ಯಾವ ವಕೀಲೆ ತಂದಾಳು? ಹಾಗಾಗಿ ಸಭಿಕರೇ, ಹೊಗಳಬೇಡಿ. ಊಟಕ್ಕೆ ಮುಂಚೆ ಸಾಲಾಗಿ ಬನ್ನಿ, ಮನಸಾರೆ ಬೈಯಿರಿ, ಸಹಿ ಹಾಕಿ. ಸೋಮವಾರ ಕೋರ್ಟಿಗೆ, ಮಂಗಳವಾರ ಮಾಯಮ್ಮನಿಗೆ ಓದುತ್ತೇನೆ.

ಇನ್ನು ನನ್ನನ್ನು ಹೊಗಳಿದ್ದೀರಲ್ಲ. ಅಡುಗೆ ನೋಡಿಕೊಳ್ಳುತ್ತಿರುವ ಮುದ್ದಮ್ಮನವರೇ, ಒಂದು ಹಿಡಿ ಉಪ್ಪು, ನಾಲ್ಕು ಮೆಣಸಿನಕಾಯಿ ತಂದು ನೀವಾಳಿಸಿಬಿಡಿ. ಮಂಗಳವಾರದವರೆಗಾದರೂ ನಾನು ಇರಬೇಕು.

ಶಾಲಿಗೆ, ಸಹನೆಗೆ, ಮುಂದೆ ಬರಲಿರುವ ಬೈಗುಳಗಳಿಗೆ ಕೃತಜ್ಞಳು. ನಮಸ್ಕಾರ.