ಹೊಡೆದಾಟಕ್ಕೆ ಯಾವ ವಾರ?

ದಕ್ಷಿಣ ಕೊರಿಯಾದ ದೇಜಾನ್ ನಗರದಲ್ಲಿ, ಮಗಳ ಶಾಲೆಯ ಗೇಟಿನಲ್ಲಿ ಅವಳಿಗಾಗಿ ಕಾಯುತ್ತಿದ್ದೆ. ನಮ್ಮ ಅಪಾರ್ಟ್‌ಮೆಂಟಿನವರೇ ಇಬ್ಬರು ಹುಡುಗರು ಎದೆ ಸೆಟೆಸಿಕೊಂಡು ಎದುರುಬದುರು ನಿಂತಿದ್ದರು: ಐದನೇ ತರಗತಿಯ ಗ್ಯೂಬಿನ್, ನಾಲ್ಕನೆಯ ತೇಓನ್.

“ಅಣ್ಣ ಅನ್ನೋ. ನಿನಗಿಂತ ಒಂದು ವರ್ಷ ದೊಡ್ಡೋನು ನಾನು,” ಎಂದ ಗ್ಯೂಬಿನ್.

“ಗಣಿತದ ಟ್ಯೂಷನ್ನಲ್ಲಿ ಇಬ್ರೂ ಒಂದೇ ಬೆಂಚು. ಎಂಥ ಅಣ್ಣ?”

“ಹಂಗಾದ್ರೆ ಮೈದಾನಕ್ಕೆ ಬಾ, ತೋರಿಸ್ತೀನಿ. ನಾಳೆ!”

“ನಾಳೆ ನಂಗೆ ಪಿಯಾನೊ. ಬುಧವಾರ?”

“ಬುಧವಾರ ಸ್ಕೂಲಲ್ಲಿ ಊಟದ ತಟ್ಟೆ ಪೂರ್ತಿ ಖಾಲಿ ಮಾಡೋ ದಿನ ಕಣೋ, ಹಂದಿ ಕಟ್ಲೆಟ್ ಬೇರೆ. ಅಷ್ಟು ತಿಂದು ಯಾರು ಬಡಿದಾಡ್ತಾರೆ? ಗುರುವಾರ?”

“ಇಂಗ್ಲಿಷು, ಆಮೇಲೆ ಪ್ರಬಂಧ. ಶುಕ್ರವಾರ?”

“ಟೇಕ್ವಾಂಡೊ,” ಎಂದ ಗ್ಯೂಬಿನ್.

“ಅಲ್ಲಿ ಕಲ್ತು ಬಂದು ನಂಗೇ ಹೊಡೀತೀಯಾ? ಮೋಸ!”

“ಶನಿವಾರ ಇಬ್ರಿಗೂ ಗಣಿತ. ಭಾನುವಾರ?”

“ಭಾನುವಾರ ಬಿಡುವಿದೆ. ಆದ್ರೆ ಬಿಡುವಿರೋ ಒಂದೇ ದಿನ ಜಗಳ ಆಡ್ತಾರೇನೋ, ಹುಚ್ಚ?”

ಅಷ್ಟರಲ್ಲಿ ಈಜು ತರಗತಿಯ ಹಳದಿ ವ್ಯಾನು ಬಂತು. ಗ್ಯೂಬಿನ್ ಹತ್ತಿ ಕೂತ, ವ್ಯಾನು ಹೊರಟಿತು. ತೇಓನ್ ಕಲ್ಲುಬೆಂಚಿನ ಮೇಲಿದ್ದ ಚೀಲವೊಂದನ್ನು ಎತ್ತಿಕೊಂಡು ವ್ಯಾನಿನ ಹಿಂದೆ ಓಡಿದ.

“ಅಣ್ಣಾ! ನಿನ್ನ ಶೂ ಚೀಲ!”

ಕಿಟಕಿಯಿಂದ ತಲೆಯೊಂದು ಹೊರಬಂತು. “ಏನಂದೆ? ಇನ್ನೊಂದ್ಸಲ ಹೇಳು!”

“ಚೀಲ ಅಂದೆ!”