ಗಡ್ಡಕ್ಕೆ ಜೇನು ಕೂತು ಲಿಯೆಪಳಿಗೆ ಹೆಸರು ಬಂದದ್ದು

ಬನ್ನಿ, ಬನ್ನಿ. ನಿಂತೋರು ಕೂತ್ಕೊಳ್ಳಿ, ಕೂತೋರು ಸರ್ಕೊಳ್ಳಿ, ಆಕಳಿಸೋರು ಎದ್ದು ಮನೆಗೆ ಹೋಗಿ. ಸತ್ಯ ಬೇಕಾದೋರು ಕೋರ್ಟಿಗೆ ಹೋಗಿ, ಕಥೆ ಬೇಕಾದೋರು ಈ ಮಾವನ ಮುಂದೆ ಕೂರಿ.

ಏಳು ಕಡಲಾಚೆ, ಏಳು ಕಾಡಾಚೆ ಒಂದೂರು. ಊರ ಹೆಸರು ಹೇಳಲ್ಲ. ಹೇಳಿದರೆ ನಿಮ್ಮ ನಾಲಿಗೆ ಗಂಟು ಬೀಳುತ್ತೆ, ಬಿಡಿಸೋಕೆ ಮತ್ತೆ ನಾನೇ ಬರಬೇಕು. ದೇಶ ಮಾತ್ರ ಲಿಥುವೇನಿಯಾ. ನಾನೇ ಹೋಗಿ ಕಣ್ಣಾರೆ ಕಂಡು ಬಂದೆ. ಯಾವ ಕಣ್ಣಲ್ಲಿ? ಎಡಗಣ್ಣಲ್ಲಿ. ಬಲಗಣ್ಣು ಚಳಿಗೆ ಮುಚ್ಚಿಕೊಂಡಿತ್ತು.

ಚಳಿ ಅಂದರೆ ಎಂಥ ಚಳಿ! ಹಸು ಕರೆದರೆ ಚೊಂಬಿಗೆ ಹಾಲು ಬೀಳ್ತಿರಲಿಲ್ಲ, ಕುಲ್ಫಿ ಬೀಳ್ತಿತ್ತು. ಅಂಗಳದಲ್ಲಿ ಸ್ವಲ್ಪ ಹೊತ್ತು ನಿಂತರೆ ನೆರಳು ನೆಲಕ್ಕೆ ಅಂಟಿಕೊಳ್ತಿತ್ತು, ಬಿಸಿನೀರು ಹುಯ್ದು ಬಿಡಿಸ್ಕೊಂಡು ಒಳಗೆ ಬರಬೇಕು. ಸಣ್ಣಮ್ಮತ್ತಿಗೆ, ಮೂಗು ಮುರೀಬೇಡಿ. ಆ ದೇಶದಲ್ಲಿ ಮುರಿದ ಮೂಗು ಚಳಿಗೆ ಹಾಗೇ ನಿಂತುಬಿಡುತ್ತೆ, ಆಮೇಲೆ ಅಣ್ಣ ನನ್ನ ಬೈತಾನೆ.

ಸರಿ, ಕೇಳಿ. ಆ ಊರಲ್ಲಿ ಎರಡು ಮನೆ. ಎರಡು ಮನೆಗೂ ನಡುವೆ ಒಂದು ಬೇಲಿ. ಬೇಲಿ ಮೇಲೇ ಒಂದು ಮರ. ಇಂಗ್ಲಿಷಿನೋರು ಅದಕ್ಕೆ ಲಿಂಡನ್ ಅಂತಾರೆ, ಅಲ್ಲಿಯ ಜನ ಲಿಯೆಪ ಅಂತಾರೆ. ಎಲೆ ನೋಡಿದರೆ ನಮ್ಮ ಅರಳಿ ಎಲೆಯ ತಂಗಿ, ಬಾಲ ಮಾತ್ರ ಗಿಡ್ಡ. ಹೂ ನೋಡಿದರೆ ಏನೂ ಇಲ್ಲ, ಸಣ್ಣದು, ಬಿಳಿಚಿಕೊಂಡಿರೋದು. ಆದರೆ ಅರಳಿತೋ, ನಮ್ಮ ಹೊಂಗೆ ಮರದ ಹಾಗೆ ಇಡೀ ಮರವೇ ಗುಂಯ್ ಅನ್ನುತ್ತೆ. ಆ ದೇಶದಲ್ಲಿ ಓಕ್ ಮರ ಗಂಡಸರ ಮರ, ಲಿಯೆಪ ಹೆಂಗಸರ ಮರ. ಅತ್ತೆ ಹತ್ರ ಹೇಳೋಕಾಗದ್ದು, ಗಂಡನ ಹತ್ರ ಹೇಳಿ ಪ್ರಯೋಜನ ಇಲ್ಲದ್ದು, ತಾಯಿ ಹತ್ರ ಹೇಳೋಕೆ ದೂರ ಆದದ್ದು, ಮೂರನ್ನೂ ಹೆಣ್ಣುಮಕ್ಕಳು ಆ ಮರದ ಬುಡದಲ್ಲಿ ಕೂತು ಹೇಳ್ಕೊಳ್ಳೋರು.

ಬೇಲಿಯ ಈ ಕಡೆ ಮಾರ್ಸೆಲೆ ಅನ್ನೋ ಹೆಂಗಸು. ಬಾಯಿ ಜೋರು, ಕೈ ತಂಪು. ಪೊಳ್ಳು ದಿಮ್ಮಿಗಳಲ್ಲಿ ಹನ್ನೆರಡು ಹಿಂಡು ಜೇನು ಸಾಕಿದ್ದಳು. ಮದುವೆಯಾಗಿ ಒಂಬತ್ತು ವರ್ಷಕ್ಕೆ ಆಗ ಬಸುರಿ. ಗಂಡ ಕಾಜಿಸ್ ಒಳ್ಳೆಯವನು. ಎಷ್ಟು ಒಳ್ಳೆಯವನು ಅಂದರೆ ಮನೇಲಿದ್ದಾನೋ ಇಲ್ಲವೋ ಗೊತ್ತೇ ಆಗ್ತಿರಲಿಲ್ಲ.

ಬೇಲಿಯ ಆ ಕಡೆ ಬಾಲ್ತ್ರುಸ. ಒಂಟಿ ಮನುಷ್ಯ. ಮರದಲ್ಲಿ ಚಮಚ, ಸೌಟು ಕೆತ್ತೋದು, ತೊಗಟೆಯ ನಾರಿನಲ್ಲಿ ಎಕ್ಕಡ ಹೆಣೆಯೋದು ಅವನ ಕಸುಬು. ಲಿಯೆಪದ ಮರ ಬೆಣ್ಣೆಯಷ್ಟು ಮೆದು. ಬಾಲ್ತ್ರುಸ ಆ ಮರ ನೋಡಿದರೆ ಅವನ ಕಣ್ಣಿಗೆ ಎಲೆ ಕಾಣ್ತಿರಲಿಲ್ಲ, ಚಮಚ ಕಾಣ್ತಿತ್ತು. ಕೊಂಬೆ ಕಾಣ್ತಿರಲಿಲ್ಲ, ಸೌಟು ಕಾಣ್ತಿತ್ತು. ತೊಗಟೆ ಕಾಣ್ತಿರಲಿಲ್ಲ, ಎಕ್ಕಡ ಕಾಣ್ತಿತ್ತು.

"ಮರ ಕಡೀತೀನಿ" ಅಂದ ಅವನು.

"ಮರ ಹೋದರೆ ನನ್ನ ಜೇನು ಹೋಗುತ್ತೆ. ಜೇನು ಹೋದರೆ ನನ್ನ ಮನೆ ಹೋಗುತ್ತೆ. ಮುಟ್ಟಿ ನೋಡು" ಅಂದಳು ಇವಳು.

ಕೋಣ ಎರಡು ಕಾದಾಡಿದರೆ ಗಿಡಕ್ಕೆ ಕೇಡು ಅಂತಾರಲ್ಲ, ಹಾಗಾಯ್ತು. ಊರ ಹಿರಿಯರು ಸೇರಿದರು, ಹಗ್ಗ ಹಿಡಿದು ಅಳೆದರು. ಮರ ಸರಿಯಾಗಿ ಅರ್ಧ ಇವಳ ಕಡೆ, ಅರ್ಧ ಅವನ ಕಡೆ. "ಅವರವರ ಅರ್ಧ ಅವರವರು ಏನಾದರೂ ಮಾಡ್ಕೊಳ್ಳಿ" ಅಂತ ತೀರ್ಪು ಕೊಟ್ಟು ಊಟಕ್ಕೆ ಹೋದರು. ಹಿರಿಯರಿಗೆ ಹಸಿವಾದರೆ ನ್ಯಾಯ ಹೀಗೇ ಅಲ್ಲವಾ?

ಬಾಲ್ತ್ರುಸ ಗಡ್ಡ ನೀವಿಕೊಂಡ. "ನನ್ನ ಅರ್ಧ ನಾನು ಕಡೀತೀನಿ. ಅವಳ ಅರ್ಧ ಬಿದ್ದರೆ ಅದು ಗಾಳಿಯ ತಪ್ಪು."

ಆವತ್ತಿಂದ ಇಬ್ಬರಿಗೂ ಮಾತಿಲ್ಲ. ಮಾತಾಡಲೇಬೇಕು ಅಂದರೆ ಮಾರ್ಸೆಲೆಯ ಹಸುವಿನ ಮೂಲಕ.

ಮರ ಚಿಗುರಿದಾಗ ಬಾಲ್ತ್ರುಸ ಕೊಡಲಿ ತಂದ. ಮಾರ್ಸೆಲೆ ಹಸುವಿನ ಕಿವಿ ಹಿಡಿದಳು.

"ಏ ಹಸುವೇ, ಹೇಳು ಆ ಮನುಷ್ಯನಿಗೆ. ಹಾಲುಗಲ್ಲದ ಚಿಗುರಿಗೆ ಕೊಡಲಿ ಇಕ್ಕಿದ ಕೈ ಕಂಬಳಿಯೊಳಗೂ ನಡುಗುತ್ತೆ ಅಂತ."

"ಏ ಹಸುವೇ, ಹೇಳು ನಿನ್ನ ಯಜಮಾನಿಗೆ. ನಾನೇನು ಹೆದರಿ ಹೋಗ್ತಿಲ್ಲ, ಕೊಡಲಿ ಮಸೆಯೋಕೆ ಹೋಗ್ತಿದ್ದೀನಿ ಅಂತ."

ಹೋದ. ಮರ ಮೊಗ್ಗಾದಾಗ ಮತ್ತೆ ಬಂದ. ಮಾರ್ಸೆಲೆಗೆ ಆಗ ಎಂಟು ತಿಂಗಳು.

"ಏ ಹಸುವೇ, ಹೇಳು. ಮರವೂ ಬಸುರಿ, ನಾನೂ ಬಸುರಿ. ಯಾರ ಮೇಲೆ ಮೊದಲು ಕೊಡಲಿ ಎತ್ತುತ್ತಾನಂತೆ ಕೇಳು."

ಹಸು ಏನು ಹೇಳಿತೋ, ಬಾಲ್ತ್ರುಸನ ಕಿವಿ ಕೆಂಪಾಯ್ತು. ಹೋದ.

ಮೂರನೇ ಸಲ ಬಂದಾಗ ಮರ ತುಂಬಿ ಹೂ ಬಿಟ್ಟಿತ್ತು. ನಾನು ಆವತ್ತು ಮೂರು ಹರದಾರಿ ಆಚೆ ಊಟಕ್ಕೆ ಕೂತಿದ್ದೆ. ಗಾಳಿ ಈ ಕಡೆ ತಿರುಗಿತು ನೋಡಿ, ನನ್ನ ಎಲೆಯಲ್ಲಿದ್ದ ಉಪ್ಪಿನಕಾಯಿ ಸಿಹಿಯಾಯ್ತು! ಬಾಲ್ತ್ರುಸನಿಗೆ ಮಾತ್ರ ಘಮ ಹತ್ತಲಿಲ್ಲ. ಹಸು ಮೇಯೋಕೆ ಹೋಗಿತ್ತು, ಮಧ್ಯಸ್ಥಿಕೆಗೆ ಯಾರೂ ಇಲ್ಲ. ಎತ್ತಿದ ಕೊಡಲಿ. ಹಾಕಿದ ಏಟು. ಥಕ್!

ಕೊಡಲಿ ಕಾವು ಕುಲಕ್ಕೆ ಮೃತ್ಯು. ಮರ ನಡುಗಿತು. ನಡುಗಿದ್ದೇ ತಡ, ಹೊಸ ಸಂಸಾರ ಹೂಡೋಕೆ ಸಿದ್ಧವಾಗಿದ್ದ ಒಂದು ಹಿಂಡು ಬೇಲಿ ಪಕ್ಕದ ದಿಮ್ಮಿಯಿಂದ ಭುಸ್ಸಂತ ಎದ್ದಿತು. ಒಂದು ಸುತ್ತು ಸುತ್ತಿತು. ಎರಡು ಸುತ್ತು ಸುತ್ತಿತು. ಮೂರನೇ ಸುತ್ತಿಗೆ ಎಲ್ಲಿ ಕೂತಿತು ಹೇಳಿ? ಕೊಂಬೆ ಮೇಲಾ? ಅಲ್ಲ. ಬೇಲಿ ಮೇಲಾ? ಅಲ್ಲ. ಬಾಲ್ತ್ರುಸನ ಗಡ್ಡದ ಮೇಲೆ!

ಗಡ್ಡ ಅಂದರೆ ಸಾಮಾನ್ಯ ಗಡ್ಡವಾ? ಹೋದ ವರ್ಷ ಅದರಲ್ಲಿ ಕಳೆದುಹೋದ ಬಾಚಣಿಗೆ ಈ ವರ್ಷಕ್ಕೂ ಸಿಕ್ಕಿರಲಿಲ್ಲ. ಗಲ್ಲದಿಂದ ಹೊಕ್ಕಳವರೆಗೆ ಜೇನು ಜೋತುಬಿತ್ತು. ಕೊಡಲಿ ಕೈಯಿಂದ ಜಾರಿತು. ಉಸಿರು ಅರ್ಧಕ್ಕೆ ನಿಂತಿತು. ಅತ್ತಿಗೆ, ಈಗ ನೀವು ನಗ್ತಿದ್ದೀರಿ, ಅವನು ನಗೋ ಹಾಗಿರಲಿಲ್ಲ. ಬಿಸಿ ತುಪ್ಪ ಬಾಯಿಗೆ ಬಿದ್ದ ಹಾಗೆ, ನುಂಗೋ ಹಾಗಿಲ್ಲ, ಉಗುಳೋ ಹಾಗಿಲ್ಲ.

ಮಾರ್ಸೆಲೆ ಹೊಟ್ಟೆ ಹಿಡಿದುಕೊಂಡು ಬುಟ್ಟಿ ತಂದಳು. "ಅಲ್ಲಾಡಬೇಡ. ಹೊಸ ಮನೆ ಹುಡುಕೋ ಜೇನು ಸಾಧು. ನೀನೂ ಸಾಧುವಾಗಿರು." ಒಂದು ಸೌಟಿನಲ್ಲಿ ಮೆಲ್ಲಗೆ ಮೊಗೆದು ಮೊಗೆದು ಬುಟ್ಟಿಗೆ ಇಳಿಸಿದಳು. ಕಾಲು ಭಾಗ ಇಳಿಸಿದಳು. ಅರ್ಧ ಇಳಿಸಿದಳು. ಅಷ್ಟರಲ್ಲಿ "ಅಮ್ಮಾ" ಅಂತ ಬೇಲಿ ಹಿಡಿದಳು. ಹೆರಿಗೆ ನೋವು!

ಸೂಲಗಿತ್ತಿ ಅಜ್ಜಿ ಓಡಿ ಬಂದಳು, ಮಾರ್ಸೆಲೆಯನ್ನ ಒಳಗೆ ಕರಕೊಂಡು ಹೋದಳು. ಕಾಜಿಸ್? ಹೆಂಡತಿ ಕೂಗಿದ್ದು ಕೇಳಿ ಹೊಸಿಲಲ್ಲೇ ಮೂರ್ಛೆ ಬಿದ್ದ. ಇನ್ನು ಊರಲ್ಲಿ ಜೇನು ಮುಟ್ಟಬಲ್ಲ ಇನ್ನೊಂದು ಕೈ ಇಲ್ಲ. ಬುಟ್ಟಿಯಲ್ಲಿ ಅರ್ಧ ಹಿಂಡು, ಗಡ್ಡದಲ್ಲಿ ಅರ್ಧ ಹಿಂಡು, ಮರದ ಕೆಳಗೆ ಬಾಲ್ತ್ರುಸ ಒಬ್ಬನೇ.

ಸ್ವಲ್ಪ ಹೊತ್ತಿಗೆ ಕಿಟಕಿಯಿಂದ ಅಜ್ಜಿಯ ತಲೆ ಹೊರಗೆ ಬಂತು.

"ಲೋ ಬಾಲ್ತ್ರುಸ, ಪದ್ಧತಿ ಗೊತ್ತಲ್ಲ?"

ಪದ್ಧತಿ ನಿಮಗೆ ಗೊತ್ತಿಲ್ಲ, ನಾನು ಹೇಳ್ತೀನಿ ಕೇಳಿ. ಆ ಜನಕ್ಕೆ ಜೇನು ಅಂದರೆ ಮನುಷ್ಯರ ಸಮ. ಹಸು ಸತ್ತಿತು ಅಂತಾರೆ, ನಾಯಿ ಸತ್ತಿತು ಅಂತಾರೆ, ಜೇನು ಮಾತ್ರ ತೀರಿಕೊಂಡಿತು ಅಂತಾರೆ. ಜೇನನ್ನ ಮಾರೋ ಹಾಗಿಲ್ಲ, ಕೊಳ್ಳೋ ಹಾಗಿಲ್ಲ. ಹಿಂಡು ತಾನಾಗಿ ಎದ್ದು ಬೇರೆ ಮನೆಗೆ ಹೋದರೆ, ಎದ್ದ ಮನೆಯೂ ಕೂತ ಮನೆಯೂ ಅವತ್ತಿಂದ ನೆಂಟರು. ಜೇನುನೆಂಟರು. ಒಬ್ಬರ ಮೇಲೆ ಒಬ್ಬರು ಕೈ ಎತ್ತೋ ಹಾಗಿಲ್ಲ. ನಮ್ಮಲ್ಲಿ ಹೆಣ್ಣು ಕೊಟ್ಟು ಬೀಗರಾದರೆ ಜಗಳ ಶುರುವಾಗುತ್ತೆ, ಅಲ್ಲಿ ಜೇನು ಕೊಟ್ಟು ನೆಂಟರಾದರೆ ಜಗಳ ಮುಗಿಯುತ್ತೆ!

"ಹಿಂಡು ನಿನ್ನ ಹತ್ರ ಬಂತು. ಒಪ್ಕೋತೀಯಾ?" ಕೇಳಿದಳು ಅಜ್ಜಿ.

ಒಲ್ಲೆ ಅನ್ನೋಕೆ ಬಾಯಿ ತೆರೆಯಬೇಕು. ತೆರೆದರೆ ಜೇನು ಒಳಗೆ. ಊಹೂಂ ಅನ್ನೋಕೆ ತಲೆ ಆಡಿಸಬೇಕು. ಆಡಿಸಿದರೆ ಕಥೆ ಮುಗೀತು. ಪಾಪ, ಏನು ಮಾಡ್ತಾನೆ?

"ಹೂಂ" ಅಂದ.

"ಜೇನುನೆಂಟ ಆಗ್ತೀಯಾ?"

"ಹೂಂ."

"ಹುಟ್ಟೋ ಮಗುವಿಗೆ ಜೇನುನೆಂಟನೇ ಹೆಸರಿಡಬೇಕು ಈ ಊರಲ್ಲಿ. ಇಡ್ತೀಯಾ?"

"ಹೂಂ."

"ಎಷ್ಟು ಒಳ್ಳೇ ಮನುಷ್ಯ! ಇಷ್ಟು ದಿನ ಬಾಯಿ ಬಿಟ್ಟು ಕೆಟ್ಟೆ ನೋಡು" ಅಂತ ಅಜ್ಜಿ ಕಿಟಕಿ ಹಾಕಿದಳು.

ನಿಂತ ಬಾಲ್ತ್ರುಸ. ಆ ದೇಶದ ಬೇಸಿಗೆ ಸೂರ್ಯ ಮುಳುಗೋಕೆ ಸೋಮಾರಿ. ಮಧ್ಯಾಹ್ನ ಆಯ್ತು, ನಿಂತ. ಇಳಿಹೊತ್ತಾಯ್ತು, ನಿಂತ. ಗಲ್ಲ ಮೇಲೆತ್ತಿದ್ದನಲ್ಲ, ಇಳಿಸೋ ಹಾಗಿಲ್ಲ. ಕಣ್ಣು ಮೇಲಕ್ಕೇ ನೋಡಬೇಕು. ಮೂಗಿನಲ್ಲೇ ಉಸಿರಾಡಬೇಕು. ಮೊದಲು ಎಲೆ ಕಂಡಿತು. ಎಲೆಯ ಹಿಂದೆ ಬೆಳಕು ಕಂಡಿತು. ಆಮೇಲೆ ಘಮ ಬಂತು. ಒಳಗೆ ಒಬ್ಬಳು ನರಳ್ತಿದ್ದಳು, ಮೇಲೆ ಮರ ಗುನುಗ್ತಿತ್ತು. ಅವನಿಗೆ ತನ್ನ ಅವ್ವ ಆ ಮರದ ಬುಡದಲ್ಲಿ ಕೂತು ಏನೋ ಹೇಳ್ಕೋತಿದ್ದದ್ದು ನೆನಪಾಯ್ತು. ಏನು ಅಂತ ಅವನು ಕೇಳಿರಲಿಲ್ಲ. ಚಮಚ ಕೆತ್ತುತ್ತಾ ಕೂತಿದ್ದ. ಆವತ್ತು ಮೊದಲನೇ ಸಲ ಬಾಲ್ತ್ರುಸನಿಗೆ ಮರದಲ್ಲಿ ಮರ ಕಂಡಿತು.

ಒಳಗಿಂದ ಕುವಾಂ ಅಂತ ಕೇಳಿಸಿತು. ಹೆಣ್ಣು ಮಗು!

ರಾಣಿ ಜೇನು ಆಗಲೇ ಬುಟ್ಟಿ ಸೇರಿತ್ತು. ರಾಣಿ ಹೋದ ಕಡೆ ಪ್ರಜೆ. ಗಡ್ಡದಲ್ಲಿ ಉಳಿದವೂ ಒಂದೊಂದಾಗಿ ಹಾರಿ, ಕೊನೆಗೆ ಒಟ್ಟಿಗೆ ಎದ್ದು ಬುಟ್ಟಿಗೆ ಇಳಿದವು.

ಈಗ ಕೇಳಿ, ಕಿವಿ ಕೊಟ್ಟು ಕೇಳಿ. ಬಾಲ್ತ್ರುಸ ಬಿಡುಗಡೆಯಾದ. ಕೊಡಲಿ ಕಾಲ ಹತ್ರ ಇದೆ. ಮಾರ್ಸೆಲೆ ಹಾಸಿಗೆಯಲ್ಲಿ, ಅಜ್ಜಿ ಮಗುವಿನ ಹತ್ರ, ಕಾಜಿಸ್ ಹೊಸಿಲಲ್ಲಿ. ತಡೆಯೋರು ಯಾರೂ ಇಲ್ಲ. ಬಾಲ್ತ್ರುಸ ಬಗ್ಗಿದ. ಕೊಡಲಿ ಎತ್ತಿಕೊಂಡ. ಇನ್ನೊಂದು ಕೈಯಲ್ಲಿ ಬುಟ್ಟಿ ಎತ್ತಿಕೊಂಡ. ತನ್ನ ಮನೆಗೆ ಹೋದ. ಇನ್ನೂರು ಚಮಚಕ್ಕೆ ಅಂತ ಒಣಗಿಸಿ ಇಟ್ಟಿದ್ದ ದೊಡ್ಡ ದಿಮ್ಮಿ ಉರುಳಿಸಿದ. ಕತ್ತಲಾಗೋದರೊಳಗೆ ಅದನ್ನ ಪೊಳ್ಳು ಕೊರೆದು ಜೇನಿಗೆ ಮನೆ ಮಾಡಿದ.

ಮೂರನೇ ದಿನ ಹೆಸರಿಡೋ ಶಾಸ್ತ್ರ. ಒಗೆದ ಅಂಗಿ ಹಾಕ್ಕೊಂಡು ಬಾಲ್ತ್ರುಸ ಬಂದ. ಕೈಯೆಲ್ಲ ಅಂಟಂಟು.

"ಏನೋ ಅದು ಕೈಯಲ್ಲಿ?" ಅಜ್ಜಿ ಗದರಿದಳು.

"ಮೇಣ. ಮರದ ಗಾಯಕ್ಕೆ ಮೆತ್ತಿ ಬಂದೆ."

ಅಜ್ಜಿ ತೊಟ್ಟಿಲ ಹತ್ರ ಜಾಗ ಬಿಟ್ಟಳು. "ಹೇಳಪ್ಪ ಹೆಸರು."

ಆ ದೇಶದಲ್ಲಿ ಹೆಣ್ಣುಮಕ್ಕಳ ಹೆಸರನ್ನ ಪುಸ್ತಕದಲ್ಲಿ ಹುಡುಕಲ್ಲ, ಕಿಟಕಿ ತೆಗೆದು ಹೊರಗೆ ಹುಡುಕ್ತಾರೆ. ಬಾಲ್ತ್ರುಸ ಗಂಟಲು ಸರಿ ಮಾಡ್ಕೊಂಡ.

"ಮಿಗ್ಲೆ." ಅಂದರೆ ಮಂಜು.

"ಚೆನ್ನಾಗಿದೆ. ಬಿಸಿಲು ಏರಿದ ಮೇಲೆ ಎಲ್ಲಿ ಹುಡುಕೋದು?" ಅಂದಳು ಅಜ್ಜಿ.

"ಔದ್ರಾ." ಅಂದರೆ ಬಿರುಗಾಳಿ.

"ಈ ಮನೆಗೆ ಅವಳ ಅಮ್ಮ ಒಬ್ಬಳು ಸಾಲದಾ?"

ಕಾಜಿಸ್ ಮೂಲೆಯಿಂದ ಹೂಂ ಅಂದುಬಿಟ್ಟ. ಹೆಂಡತಿ ನೋಡಿದ ನೋಟಕ್ಕೆ ಮತ್ತೆ ಮೂರ್ಛೆ ಹೋಗೋದು ಒಂದು ಬಾಕಿ.

ಬಾಲ್ತ್ರುಸ ಕಿಟಕಿಯಾಚೆ ನೋಡಿದ. ಬಹಳ ಹೊತ್ತು ನೋಡಿದ. ಆಮೇಲೆ ತೊಟ್ಟಿಲಿಗೆ ಬಗ್ಗಿ, ಗಡ್ಡ ಮಗುವಿಗೆ ತಾಗದ ಹಾಗೆ ಹಿಡಿದುಕೊಂಡು, ಮೆಲ್ಲಗೆ ಅಂದ:

"ಲಿಯೆಪ."

ಮಾರ್ಸೆಲೆ ದಿಂಬಿಗೆ ಒರಗಿ ಎದ್ದು ಕೂತಳು.

"ಬಾಲ್ತ್ರುಸ, ಸರಿಯಾಗಿ ಯೋಚನೆ ಮಾಡಿ ಹೇಳು. ಈ ಹೆಸರಿಟ್ಟ ಮೇಲೆ ನಿನ್ನ ಜನ್ಮದಲ್ಲಿ ಆ ಮರದ ಮೇಲೆ ಕೊಡಲಿ ಎತ್ತೋಕಾಗಲ್ಲ."

"ಯೋಚನೆ ಮಾಡೋಕೆ ಅಂತಾನೇ ಒಂದು ದಿನ ಪೂರ್ತಿ ನಿಲ್ಲಿಸಿದ್ದೆಯಲ್ಲ, ತಾಯಿ" ಅಂದ ಬಾಲ್ತ್ರುಸ.

ಹಾಗಾಯ್ತು ನೋಡಿ. ಈಗಲೂ ಆ ದೇಶದಲ್ಲಿ ಲಿಯೆಪ ಅಂತ ಹೆಸರಿರೋ ಹೆಣ್ಣುಮಕ್ಕಳು ಬೇಕಾದಷ್ಟಿದ್ದಾರೆ. ಆ ಮರ ಹೂ ಬಿಡೋ ತಿಂಗಳಿಗೂ, ನಮ್ಮ ಜುಲೈಗೆ, ಅವರು ಲಿಯೆಪ ಅಂತಲೇ ಅಂತಾರೆ. ಜುಲೈನಲ್ಲಿ ಅಲ್ಲಿಯ ಬೀದಿಯಲ್ಲಿ ನಿಂತು "ಲಿಯೆಪಾ" ಅಂತ ನಾನು ಒಂದು ಸಲ ಕೂಗಿದೆ. ಒಬ್ಬ ಹುಡುಗಿ ತಿರುಗಿದಳು, ಒಂದು ಮರ ತಿರುಗಿತು, ಪಂಚಾಂಗದ ಹಾಳೆಯೂ ತಿರುಗಿತು. ಹುಡುಗಿ ತಿರುಗಿದ್ದಕ್ಕೆ ಸಾಕ್ಷಿ ಇದೆ. ಮಿಕ್ಕ ಎರಡಕ್ಕೆ ನಾನೇ ಸಾಕ್ಷಿ.

ಅವರ ಮರ ಅಲ್ಲಿ ಹೂ ಬಿಡಲಿ, ನಮ್ಮ ಮನೆ ಇಲ್ಲಿ ತಂಪಾಗಿರಲಿ. ಕೇಳಿದೋರ ಬಾಯಿಗೆ ಜೇನು, ಹೇಳಿದೋನ ಬಾಯಿಗೆ ಕಾಫಿ. ಅತ್ತಿಗೆ, ಒಲೆ ಹಚ್ಚಿ.